ಹಿಲ್ಡಾ ಬಿಟ್ಟುಕೊಟ್ಟ ಆಟ

14-6-2025, ಶನಿವಾರ. ಬೆಳಗ್ಗೆ 7

ಡ್ರಾಪ್ಸ್ ಹಾಕಿ ಹತ್ತು ನಿಮಿಷ ಕಣ್ಣು ಮುಚ್ಚಿ ಕೂತದ್ದಾಯಿತು. ಇನ್ನು ಬರೆಯಬಹುದು. ಕಪ್ಪು ಮಾರ್ಕರ್ ಪೆನ್ನು, ಪುಟಕ್ಕೆ ಎಂಟೇ ಸಾಲು. ನೋಡಿದ ಅಕ್ಷರ ಮಾಯ, ಪಕ್ಕದ್ದು ಕಾಣುತ್ತದೆ. ಈ ಕಾಯಿಲೆಯೇ ಹಾಗಂತೆ — ಅಂಚು ಉಳಿಯುತ್ತದೆ, ನಡು ಹೋಗುತ್ತದೆ. ಚೆಸ್ ಬೋರ್ಡ್ ಎದುರಿಗಿಟ್ಟರೆ ನಾಲ್ಕು ಮೂಲೆ ಸ್ಪಷ್ಟ. ನಡುವೆ ಮಂಜು.

ನಿನ್ನೆ ಮನೀಶ್‌ನ ಫೋನ್. ಕಾಸರಗೋಡಿನ ಚೆಸ್ ಕೂಟದ ಕಾರ್ಯದರ್ಶಿ. "ಟೀಚರ್, ಆಗಸ್ಟ್ ಹದಿನೇಳಕ್ಕೆ ನಿಮಗೆ ಸನ್ಮಾನ ಉಂಟು. ನಿಮ್ಮ ಒಂದು ಒಳ್ಳೆ ಗೇಮ್ ದೊಡ್ಡ ಬೋರ್ಡಲ್ಲಿ ತೋರಿಸುವ. ಯಾವುದು ಅಂತ ಹೇಳಿ."

ಯೋಚಿಸಬೇಕಾಗಿರಲಿಲ್ಲ. 1988ರ ನವೆಂಬರ್, ಕಣ್ಣೂರು, ಮಹಿಳೆಯರ ವಲಯ ಟೂರ್ನಮೆಂಟಿನ ಕೊನೆಯ ಸುತ್ತು. ಎದುರಿಗೆ ಹಿಲ್ಡಾ. ನನಗೆ ಇಪ್ಪತ್ತು, ಅವಳಿಗೆ ಇಪ್ಪತ್ತಮೂರು. ನಾನು ಗೆದ್ದೆ.

ಟ್ರಂಕಿನಲ್ಲಿ ಆ ಆಟದ ನಡೆ ಬರೆದಿಟ್ಟ ಶೀಟ್ ಸಿಕ್ಕಿತು. ಓದಿ ಹೇಳುವವನು ನನ್ನ ಅಣ್ಣ, ಕೂಸಪ್ಪಣ್ಣ. ಬಸ್ ಡ್ರೈವರ್ ಆಗಿದ್ದವನು. ಟೂರ್ನಮೆಂಟಿಗೆಲ್ಲ ಅವನ ಬಸ್ಸಿನ ಮುಂದಿನ ಸೀಟಿನಲ್ಲೇ ಕೂತು ಹೋಗುತ್ತಿದ್ದೆ. ಅವನು ಚೆಸ್ ಕಲಿತದ್ದು ಮಲಯಾಳಿ ಕಂಡಕ್ಟರುಗಳಿಂದ, ಹಾಗಾಗಿ ಬಿಷಪ್‌ಗೆ ಆನೆ ಅನ್ನುತ್ತಾನೆ. ನನಗೆ ಮೂಲೆಯ ರೂಕ್ ಆನೆ. ಅರ್ಧ ಗಂಟೆ ಜಗಳ. ಕೊನೆಗೆ ರೂಕ್, ಬಿಷಪ್ ಎಂದೇ ಕರೆಯುವುದೆಂದು ರಾಜಿ.

17-6, ಮಂಗಳವಾರ. ಮಧ್ಯಾಹ್ನ 3

ಐವತ್ತೆರಡನೇ ನಡೆಗೆ ಶೀಟ್ ಮುಗಿಯುತ್ತದೆ. ಅಲ್ಲಿಗೆ ಹಿಲ್ಡಾ ಸೋಲು ಒಪ್ಪಿ ಎದ್ದು ಹೋದಳು. ಮೂವತ್ತೇಳು ವರ್ಷ ನಾನೂ ಅಲ್ಲಿಗೇ ನಿಲ್ಲಿಸಿದ್ದೆ.

ಊಟವಾಗಿ ಬೆಂಚಿನ ಮೇಲೆ ಒರಗಿದ್ದೆ. ಅರೆನಿದ್ದೆ. ಬೋರ್ಡ್ ತಾನಾಗಿ ಬಂತು. ಈಚೆಗೆ ದೊಡ್ಡದಾಗಿ ಬರುತ್ತದೆ — ಗದ್ದೆಯ ಹಾಗೆ. ಒಂದೊಂದು ಮನೆಗೆ ಕಾಲಿಟ್ಟು ದಾಟುತ್ತೇನೆ. ಮೂಲೆಯಲ್ಲಿ ಅವಳ ರಾಜ ಸುಮ್ಮನೆ ನಿಂತಿದ್ದ, ಅವನಿಗೆ ಹೋಗಲು ಒಂದು ಮನೆಯೂ ಇಲ್ಲ. ಅವಳಲ್ಲಿ ಉಳಿದದ್ದು ಒಂದೇ ರೂಕ್. ಆ ರೂಕ್ ಮೆಲ್ಲ ನಡೆದುಬಂದು ನನ್ನ ರಾಜನ ಮಗ್ಗುಲಲ್ಲೇ ನಿಂತಿತು. ಚೆಕ್.

ಎದ್ದು ಕೂತೆ. ಅದನ್ನು ಕಡಿದರೆ ಅವಳಿಗೆ ಆಡಲು ನಡೆಯೇ ಇಲ್ಲ — ಸ್ಟೇಲ್‌ಮೇಟ್, ಡ್ರಾ. ಕಡಿಯದಿದ್ದರೆ ಮತ್ತೆ ಚೆಕ್, ಮತ್ತೆ ಚೆಕ್... ಆಗಲೂ ಡ್ರಾ. ಡ್ರಾ ಆಗಿದ್ದರೆ ಅರ್ಧ ಪಾಯಿಂಟ್ ಮುಂದಿದ್ದ ಅವಳದೇ ಚಾಂಪಿಯನ್‌ಶಿಪ್.

"ಅಣ್ಣ, ಆ ಆಟ ನಾನು ಗೆದ್ದದ್ದಲ್ಲ."

"ಎಂತ ಗೆದ್ದದ್ದಲ್ಲ? ಕಪ್ ಶೋಕೇಸಲ್ಲಿ ಉಂಟಲ್ಲ!"

18-6, ಬುಧವಾರ

ಆ ಸರ್ಟಿಫಿಕೇಟ್ ತೋರಿಸಿಯೇ ಸ್ಪೋರ್ಟ್ಸ್ ಕೋಟಾದಲ್ಲಿ ಟಿ.ಟಿ.ಸಿ. ಸೀಟು. ಅದರಿಂದ ಟೀಚರ್ ಕೆಲಸ. ಹನ್ನೊಂದು ವರ್ಷ ರಾಜ್ಯ ತಂಡ — ಪುಣೆ, ಕೊಲ್ಕತ್ತ, ರೈಲಿನ ಕಿಟಕಿ, ಮೊಣಕಾಲಿನ ಮೇಲೆ ಪಾಕೆಟ್ ಬೋರ್ಡ್. ಇಷ್ಟೆಲ್ಲ ಹಿಲ್ಡಾ ಒಂದು ನಡೆ ಕಾಣದೆ ಹೋದದ್ದರಿಂದ.

ಅವಳು ಮತ್ತೆ ಆಡಿದ್ದನ್ನು ಯಾರೂ ಕಂಡಿಲ್ಲ.

29-6, ಭಾನುವಾರ

ಹಿಲ್ಡಾ ಎಲ್ಲಿದ್ದಾಳೆಂದು ಅಣ್ಣ ಬಂದ್ಯೋಡು ಪೇಟೆಯಲ್ಲಿ ಹತ್ತು ಜನರನ್ನು ಕೇಳಿದ. ಬೇಕರಿಯ ಸವಿಯೊ ಅವಳ ದೂರದ ಸಂಬಂಧಿಯಂತೆ. ಅವಳು ಮಸ್ಕತ್‌ನಿಂದ ಬಂದು ಎರಡು ವರ್ಷವಾಯಿತಂತೆ, ಮೀಂಜದಲ್ಲಿ ಮನೆ ಕಟ್ಟಿದ್ದಾಳಂತೆ. ನಂಬರ್ ಸಿಕ್ಕಿದೆ. ಡಯಲ್ ಮಾಡಲು ಧೈರ್ಯ ಸಾಲದು.

6-7, ಭಾನುವಾರ. ಸಂಜೆ

ಫೋನ್ ಮಾಡದೆಯೇ ಮೀಂಜಕ್ಕೆ ಹೋಗಿ ಬಂದೆ. ಅಣ್ಣ ಜತೆಗಿದ್ದ. ಹಿಲ್ಡಾ ಭಾನುವಾರದ ಪೂಜೆ ಮುಗಿಸಿ ಇಗರ್ಜಿಯಿಂದ ಆಗಷ್ಟೇ ಬಂದಿದ್ದಳು. ನೇರ ನೋಡಿದರೆ ಮುಖವಿಲ್ಲ. ಸ್ವಲ್ಪ ಓರೆಯಾಗಿ ನೋಡಿದೆ — ಬೆಳ್ಳಗಾದ ಕೂದಲು, ನೀಲಿ ಸೀರೆ. ದನಿ ಮಾತ್ರ ಅದೇ.

"ಲೋಲಾಕ್ಷಿಯಾ? ದೇವರೇ! ಕೂತ್ಕೊ, ಕೂತ್ಕೊ."

ದಾರಿಯುದ್ದಕ್ಕೂ ಜೋಡಿಸಿಕೊಂಡ ಮಾತೆಲ್ಲ ಮರೆತುಹೋಯಿತು. ನೇರ ಹೇಳಿದೆ. "ಕಣ್ಣೂರಿನ ಆಟ ಡ್ರಾ ಇತ್ತು ಹಿಲ್ಡಾ. ರೂಕ್ ಕೊಟ್ಟಿದ್ದರೆ..."

"ಗೊತ್ತುಂಟು."

ಕಾಫಿ ಲೋಟ ಇಡುತ್ತ ಹೇಳಿದಳು, ಪಂಚಾಯತ್ ರಸ್ತೆಯ ಸುದ್ದಿ ಹೇಳುವಂತೆ.

"ಆಗಲೇ ಗೊತ್ತಿತ್ತಾ? ಮತ್ತೆ ಎಂತಕ್ಕೆ ಬಿಟ್ಟದ್ದು?"

"ವಾಂತಿ ಬಂತು ಮಾರಾಯ್ತಿ! ಎರಡು ತಿಂಗಳಾಗಿತ್ತು ನನಗೆ. ಯಾರಿಗೂ ಹೇಳಿರ್ಲಿಲ್ಲ. ಆಡುವ ಹಾಲ್‌ನಲ್ಲಿ ಪೈಂಟ್ ವಾಸನೆ ಬೇರೆ. ಚೆಕ್ ಕೊಡ್ತಾ ಕೂತರೆ ಇನ್ನೂ ಎಷ್ಟು ಹೊತ್ತೋ. ಸೋತೆ ಅಂತ ಕೈ ಕುಲುಕಿ ಓಡಿದೆ. ಬಾತ್‌ರೂಮಿಗೆ ಮುಟ್ಟಲೂ ಇಲ್ಲ."

ಜೋರಾಗಿ ನಕ್ಕಳು. ನಾನೂ ನಕ್ಕೆ. ಅಣ್ಣ ಎದ್ದು ಹೊರಗೆ ಹೋದ.

ಆಮೇಲೆ ಹಿಲ್ಡಾಳ ದನಿ ಸಣ್ಣದಾಯಿತು. "ಹೇಳಿದರೆ ಯಾರು ನಂಬ್ತಾರೆ? ಸೋತವರು ಎಲ್ಲರೂ ಹಾಗೇ ಹೇಳುವುದು. ಅಲ್ರಾಯ್ ಹುಟ್ಟಿದ, ಮತ್ತೆ ಮಸ್ಕತ್. ಬೋರ್ಡ್ ಮುಟ್ಟಲಿಲ್ಲ. ಆದರೆ ಆ ರೂಕ್ ಉಂಟಲ್ಲ... ಚಪಾತಿ ಲಟ್ಟಿಸುವಾಗ, ಬಟ್ಟೆ ಮಡಚುವಾಗ, ಅಲ್ಲಿ ಹೋಗಿ ನಿಲ್ಲುತ್ತಿತ್ತು. ಅದೊಂದೇ ನನ್ನ ಆಟ."

"ಸನ್ಮಾನಕ್ಕೆ ಬಾ. ಎಲ್ಲರೆದುರು ನೀನೇ ತೋರಿಸು."

ಗೇಟಿನವರೆಗೆ ಕೈ ಹಿಡಿದು ನಡೆಸಿಕೊಂಡು ಬಂದಳು.

7-7

ಹಗುರ. ಏನೂ ಬರೆಯುವುದಿಲ್ಲ.

24-7, ಗುರುವಾರ. ಮಧ್ಯಾಹ್ನ

ಮಂಗಳೂರಿನ ಕಣ್ಣಾಸ್ಪತ್ರೆ. ಪಾಪೆ ಹಿಗ್ಗಿಸುವ ಔಷಧಿ ಬಿಟ್ಟು ಕೂರಿಸಿದರು. ಎಲ್ಲ ಬೆಳ್ಳಗೆ. ಗೋಡೆ, ನರ್ಸ್, ಅಣ್ಣನ ಅಂಗಿ, ಎಲ್ಲ ಹಾಲಿನಲ್ಲಿ ಅದ್ದಿದ ಹಾಗೆ. ಆ ಬಿಳುಪಿನಲ್ಲಿ ಮತ್ತೆ ಬೋರ್ಡ್. ರೂಕ್ ಚೆಕ್ ಕೊಡುತ್ತಿತ್ತು, ನನ್ನ ರಾಜ ಹಿಂದೆ ಸರಿಯುತ್ತಿದ್ದ. ಅವಸರವಿಲ್ಲ. ಒಂದು ಮನೆ, ಇನ್ನೊಂದು ಮನೆ, ಹೊಳೆದಂಡೆಯಲ್ಲಿ ನಡೆದಂತೆ. ಏಳನೇ ಹೆಜ್ಜೆಗೆ ನಿಂತ. ಅಲ್ಲಿ ಚೆಕ್ ಕೊಟ್ಟರೆ ಆ ರೂಕ್ ನನ್ನ ಬಿಷಪ್‌ನ ಬಾಯಿಗೆ. ಬಿಷಪ್ ಜಾಗ ಬಿಟ್ಟ ಕೂಡಲೇ ಅವಳ ರಾಜನಿಗೆ ಒಂದು ಮನೆ ತೆರೆಯುತ್ತದೆ. ಹಾಗಾದರೆ ಸ್ಟೇಲ್‌ಮೇಟ್ ಇಲ್ಲ.

ಮೂರು ಸಲ ನಡೆದು ನೋಡಿದೆ. ತಪ್ಪಿಲ್ಲ.

ಡ್ರಾ ಅಲ್ಲ. ಆಟ ನನ್ನದೇ.

ಡಾಕ್ಟರು ಏನೋ ಹೇಳುತ್ತಿದ್ದರು. ಎಡಗಣ್ಣಿನ ಆಸೆ ಬಿಡಬೇಕಂತೆ. ಹೂಂ ಅಂದೆ.

25-7

ಖುಷಿಯಾಗಬೇಕಿತ್ತು. ಆಗಲಿಲ್ಲ. ಅಣ್ಣನಿಗೆ ಹೇಳಿದೆ.

"ಹಾಗಾದರೆ ಒಳ್ಳೇದಾಯ್ತಲ್ಲ. ಅವಳಿಗೆ ಹೇಳು."

"ಅವಳಿಗೆ ಇರುವುದು ಅದೊಂದೇ ನಡೆ ಅಣ್ಣ."

"ಮೊದಲು ಸತ್ಯ ಹೇಳ್ತೇನೆ ಅಂತ ಮೀಂಜಕ್ಕೆ ಓಡಿದ್ದು ನೀನೇ ಅಲ್ವಾ?"

ಆ ಏಳು ಹೆಜ್ಜೆ ಕಣ್ಣೂರಿನಲ್ಲಿ ಕಾಣುತ್ತಿದ್ದೆನೇ? ಇಪ್ಪತ್ತು ವರ್ಷದ ಹುಡುಗಿ, ಗಡಿಯಾರದಲ್ಲಿ ಉಳಿದಿದ್ದದ್ದು ನಾಲ್ಕು ನಿಮಿಷ. ಕಾಣುತ್ತಿರಲಿಲ್ಲ... ಅಂದುಕೊಳ್ಳುತ್ತೇನೆ.

17-8, ಭಾನುವಾರ. ಸಂಜೆ 6

ಶಾಲು, ಹಾರ, ಫಲಕ. ಆಮೇಲೆ ದೊಡ್ಡ ಬೋರ್ಡ್. ಮನೀಶ್ ಒಂದೊಂದೇ ನಡೆ ಹೇಳಿ ಕಾಯಿ ಸರಿಸಿದ. ಹಿಲ್ಡಾ ಬಂದಿದ್ದಳು, ಮುಂದಿನ ಸಾಲಿನ ಕೊನೆಯಲ್ಲಿ ಅಂಚಿಗೆ ಕೂತಿದ್ದರಿಂದ ನನಗೆ ಚೆನ್ನಾಗಿ ಕಂಡಳು.

"ಇಲ್ಲಿ ಕರಿ ಸೋಲು ಒಪ್ಪಿತು," ಅಂದ ಮನೀಶ್. ಚಪ್ಪಾಳೆ.

ಎದ್ದು ನಿಂತೆ. "ಒಪ್ಪಬೇಕಾಗಿರಲಿಲ್ಲ. ಆಡಿದವಳು ಇಲ್ಲೇ ಇದ್ದಾಳೆ. ಹಿಲ್ಡಾ, ಬಾ."

ಬಂದಳು. ಮೂವತ್ತೇಳು ವರ್ಷ ಕೈಯಲ್ಲಿ ಹಿಡಿದುಕೊಂಡಿದ್ದ ರೂಕನ್ನು ಬೋರ್ಡಿಗಿಟ್ಟಳು. ಠಕ್ ಎಂದು ಕೇಳಿತು. ಆಮೇಲೆ ಎಲ್ಲೆಡೆಯಿಂದ "ಹೋ" ಎಂದರು.

"ಹಾಗಾದರೆ ಇದು ಡ್ರಾ ಅಲ್ವಾ ಟೀಚರ್?" ಕೇಳಿದ ಮನೀಶ್.

ಏಳು ಹೆಜ್ಜೆ ಕಣ್ಣೆದುರಿಗಿತ್ತು. ಹಿಲ್ಡಾಳ ಕೈ ಇನ್ನೂ ರೂಕಿನ ಮೇಲಿತ್ತು.

"ಡ್ರಾ," ಅಂದೆ. "ಆ ವರ್ಷದ ಚಾಂಪಿಯನ್ ಇವಳು." ನನ್ನ ಶಾಲು ತೆಗೆದು ಅವಳಿಗೆ ಹೊದಿಸಿದೆ. ಅವಳು ನನ್ನ ಭುಜಕ್ಕೆ ಮುಖ ಒತ್ತಿ ಅತ್ತಳು. ಬ್ಲೌಸ್ ಒದ್ದೆಯಾಯಿತು.

ಮನೀಶ್ ಮೊಬೈಲಿನಲ್ಲಿ ಆ ಆಟ ಒತ್ತಿ ನೋಡಿ, ಮೆಲ್ಲ ಜೇಬಿಗೆ ಹಾಕಿಕೊಂಡನಂತೆ. ಅಣ್ಣ ಹೇಳಿದ್ದು.

20-8, ಬುಧವಾರ. ಬೆಳಗ್ಗೆ 10

ಹಿಲ್ಡಾ ಫೋನ್ ಮಾಡಿದಳು. ಅಲ್ರಾಯ್ — ಅದೇ ಆ ವಾಂತಿಯ ಮಗ, ಈಗ ಮೂವತ್ತಾರು — ರಜೆಯಲ್ಲಿ ಬಂದಿದ್ದಾನಂತೆ. ಆಟವನ್ನು ಕಂಪ್ಯೂಟರಿಗೆ ಹಾಕಿ ನೋಡಿದನಂತೆ.

"ಲೋಲಾ. ಅದು ಡ್ರಾ ಅಲ್ಲಂತೆ. ನಿನಗೆ ಗೊತ್ತಿತ್ತಾ?"

ಫೋನಿನೊಳಗೆ ಅವಳ ಅಂಗಳದ ಕೋಳಿ ಕೂಗಿದ್ದು ಕೇಳಿತು.

"ಗೊತ್ತಿತ್ತು," ಅಂದೆ.

"ಸುಳ್ಳು ಹೇಳ್ಲಿಕ್ಕೆ ಬರುವುದಿಲ್ಲ ನಿನಗೆ. ಆವತ್ತೇ ಸ್ವಲ್ಪ ಡೌಟ್ ಬಂದಿತ್ತು." ಕೋಪವೋ ಏನೋ, ತಿಳಿಯಲಿಲ್ಲ. "ಶಾಲು ಕೊಡುವುದಿಲ್ಲ, ಗೊತ್ತಾಯ್ತಾ?"

"ಬೇಡ."

"ಹಳತು ಸಾಕು ಇನ್ನು. ಹೊಸತು ಆಡುವ. ನನಗೆ ಬಿಳಿ. e4."

ಕಣ್ಣು ಮುಚ್ಚಿದೆ. ಖಾಲಿ ಬೋರ್ಡಿನ ನಡುವೆ ಒಂದೇ ಒಂದು ಬಿಳಿ ಕಾಯಿ, ಎಷ್ಟು ಸ್ಪಷ್ಟ! c5 ಅಂದೆ. ಯೋಚಿಸಿ ಹೇಳುತ್ತೇನೆ ಎಂದು ಫೋನಿಟ್ಟಳು.

ಈಗ ಮತ್ತೆ ರಿಂಗ್. ಅವಳೇ. ಇಷ್ಟು ಬೇಗ ಯೋಚಿಸಿ ಆಯಿತಾ, ಅಥವಾ ಅಲ್ರಾಯ್‌ನ ಕಂಪ್ಯೂಟರ್ ಹೇಳಿಕೊಟ್ಟಿತಾ? ಎತ್ತುತ್ತೇನೆ.