ಗೌರಮ್ಮನ ಗೇಟಿನ ಬಳಿ ನಿಂತ ಮುಳ್ಳು

ಪ್ರೀತಿಯ ಅಕ್ಕ,

ನಮ್ಮ ಸಾಮ್ರಾಜ್ಯದ ಮೋಜಣಿ ಬೆಂಗಳೂರಿನ ಹನುಮಂತನಗರ ತಲುಪಿದೆ. ಕಾಲ ನಿಂತು ಮಾಯೆ ಮಡುಗಟ್ಟಿದ ಕಡೆ ನಾನು ತಾಮ್ರದ ಗೂಟ ಹೊಡೆಯಬೇಕು. ಎಲ್ಲವೂ ನಮ್ಮ ರಾಜಧಾನಿಗೆ ಹರಿದು ಆ ಜಾಗ ಬರಿದಾಗುತ್ತದೆ. ಅಳತೆಯ ಮುಳ್ಳು ನನ್ನ ಮನೆಯೊಡತಿ ಗೌರಮ್ಮನ ಗೇಟಿನಲ್ಲೇ ನಿಂತುಬಿಟ್ಟಿತು! ಕುಂಕುಮ ಕೊಟ್ಟು, "ಬರ್ತೀನಿ ಕಣೇ", "ಹೂಂ, ಹೊರಡು" ಎಂದ ಮೇಲೂ ಗೌರಮ್ಮನೂ ಮನೆಗೆ ಬಂದ ಗೆಳತಿಯೂ ಕತ್ತಲಾಗುವವರೆಗೆ ಅಲ್ಲೇ ಹರಟುತ್ತಾರೆ. ಗೂಟ ಕಂಡು ಗೌರಮ್ಮ, "ಬಟ್ಟೆ ಹಗ್ಗಕ್ಕಾ? ಗಟ್ಟಿಯಾಗಿ ಹೊಡಿಯಮ್ಮ" ಎಂದರು. ಅಲ್ಲಿ ಹೊಡೆಯಲು ಮನಸ್ಸಾಗಲಿಲ್ಲ. ವಾಹನಗಳು ಕದಲದ ಬಿಟಿಎಂ ಸಿಗ್ನಲ್‌ನಲ್ಲಿ ಹೊಡೆದು ಬಂದೆ, ಅಲ್ಲೂ ಕಾಲ ನಿಂತೇ ಇರುತ್ತದೆ.

ಅಲ್ಲಿನ ಧೂಳಿಗೆ ಹತ್ತಿದ ಕೆಮ್ಮು ಗೌರಮ್ಮನ ಮೆಣಸಿನ ಸಾರಿಗೆ ಬಿಟ್ಟಿತು. ಅವಸರದಲ್ಲಿ ಬರೆಯುತ್ತಿದ್ದೇನೆ. ರಾಜಧಾನಿಗೆ ಹರಿದು ಬರುವ ಹೊಸ ಕಾಲದಲ್ಲಿ ಹಾರ್ನ್ ಸದ್ದು ಕೇಳಿಸಿದರೆ ಯಾರಿಗೂ ಹೇಳಬೇಡ.

ನಿನ್ನ ತಂಗಿ