ಗಳುವಿನ ಮೇಲಿನ ಮಡಿಸೀರೆ

ವಾದೀಶಾ,

ಮಠದಲ್ಲಿ ಅಡುಗೆಗೆ ಕೈ ಸಾಲದಂತೆ, ಹೊರಟಿದ್ದೇನೆ. ಎದ್ದ ಮೇಲೆ ಮೊದಲು ಸ್ನಾನ, ಆಮೇಲೆ ಫೋನು. ಹುಳಿ ಬಿಸಿ ಮಾಡಿಕೊಂಡು ಊಟ ಮಾಡು. ಗೋವಾ, ಕೋಲ್ಕತ್ತ, ಶಿಲ್ಲಾಂಗ್ ಅಂತ ಊರೂರು ಸುತ್ತಿ ಆಡಿದ ಸ್ಟ್ರೈಕರ್ ಆದರೇನು, ಉಂಡ ತಟ್ಟೆ ತಾನಾಗಿ ತೊಳೆದುಕೊಳ್ಳಲ್ಲ.

ಮಹಡಿಯಲ್ಲಿ ಮತ್ತೆ ಚೆಂಡು ಒದೆಯಬೇಡ. ಯಾರೂ ಮುಟ್ಟಬಾರದು ಅಂತಲೇ ಅಷ್ಟೆತ್ತರದ ಗಳುವಿನ ಮೇಲೆ ಮಡಿಸೀರೆ ಒಣಹಾಕಿದ್ದರೆ, ನಿನ್ನೆ ಸರಿಯಾಗಿ ಅದಕ್ಕೇ ಹೊಡೆದೆಯಲ್ಲೋ! ಮತ್ತೆ ಒಗೆದು, ಒದ್ದೆಯಲ್ಲೇ ಉಟ್ಟು ಪೂಜೆ ಮಾಡಿದೆ. ಇನ್ನೂ ಸೀನು ನಿಂತಿಲ್ಲ. ಈ ಸೀಸನ್ನಿನಲ್ಲಿ ಒಂದು ಗೋಲೂ ಬರಲಿಲ್ಲ, ಅದಕ್ಕೇ ಕ್ಲಬ್ಬಿನವರು ಬಿಟ್ಟು ಕಳಿಸಿದರು ಅಂತೀಯಾ. ಹಾಗಾದರೆ ನನ್ನ ಸೀರೆಗೆ ಈ ಗೋಲು ಹೇಗೆ ಬಂತೋ?

ನೀನು ಮಲಗಿದ್ದಾಗ ತಿರುಪ್ಪೂರು ಟೀಮಿನ ಕೋಚ್ ಫೋನ್ ಮಾಡಿದ್ದರು. "ಅಮ್ಮಾ, ನಿಮ್ಮ ಪೈಯನಿಗೆ ವಯಸ್ಸಾಯ್ತು ಅಂತಾರೆ. ಗುರಿ ಇನ್ನೂ ಇದೆಯಾ?" ಅಂದರು. "ನನ್ನ ಸೀರೆಯನ್ನ ಕೇಳಿ, ಸಾರ್" ಅಂದೆ. ಸೀರೆ ಕಥೆ ಕೇಳಿ ಬಿದ್ದು ಬಿದ್ದು ನಕ್ಕರು. ಇವತ್ತು ಸಾಯಂಕಾಲವೇ ಟ್ರಯಲ್‌ಗೆ ಬರಬೇಕಂತೆ. ನಮ್ಮ ಪೋತ್ತನೂರು ಸ್ಟೇಷನ್ನಿನಲ್ಲೇ ರೈಲು ಹತ್ತು, ಒಂದು ಗಂಟೆಯ ದಾರಿ. ನೀನು ಇಷ್ಟು ದಿನ ಆಡಿದ ಊರುಗಳೆಲ್ಲ ದೂರ; ರಾತ್ರಿ ಊಟಕ್ಕೆ ಮನೆಗೆ ಬರಬಹುದಾದದ್ದು ಇದೊಂದೇ ಕಣೋ.

ಕೀಪರನ ಮುಖ ನೋಡಬೇಡ. ಅವನ ಹಿಂದೆ ನನ್ನ ಮಡಿಸೀರೆ ಒಣಗ್ತಿದೆ ಅಂದುಕೊಂಡು ಒದಿ.

ಅಮ್ಮ