ನಿಮ್ಮ ಕೋಟಿಗೆ ಹಾಕಿದ ಮಾಲೆ

ಕೆರೆಹಟ್ಟಿ, ಕೋತಗಿರಿ
೪ ಜೂನ್ ೧೯೨೮, ಸೋಮವಾರ

ರಂಗಿಯ ಅಪ್ಪನಿಗೆ, ರಂಗಿಯ ಅವ್ವ ಮಾಡುವ ನಮಸ್ಕಾರ.

ಮೈ ಹೇಗಿದೆ? ಆನೆಮಲೆಯ ಜ್ವರ ಬಿಟ್ಟಿತೆಂದು ಬರೆದಿದ್ದಿರಿ. ಬಿಟ್ಟ ಮೇಲೂ ಗುಳಿಗೆ ನುಂಗುತ್ತಿದ್ದೀರೋ ಇಲ್ಲವೋ? ಕಹಿ ಎಂದು ಉಗಿಯಬೇಡಿ. ಮಳೆ ಹಿಡಿದರೆ ಎಸ್ಟೇಟಿನಲ್ಲಿ ಜಿಗಣೆ ಕಾಟ, ಕಾಲಿಗೆ ಹೊಗೆಸೊಪ್ಪು ಉಜ್ಜಿಕೊಂಡೇ ಹೊರಡಿ; ಜಿಗಣೆಗೆ ಮೇಸ್ತ್ರಿಯೂ ಒಂದೇ, ಕೂಲಿಯೂ ಒಂದೇ. ಇಲ್ಲಿ ಅತ್ತೆ ಗಟ್ಟಿಯಾಗಿದ್ದಾರೆ. ರಂಗಿಗೆ ಮುಂದಿನ ಎರಡು ಹಲ್ಲು ಬಿದ್ದಿವೆ, ನಕ್ಕರೆ ಥೇಟ್ ನಿಮ್ಮಮ್ಮ. ಇವತ್ತು ಸೋಮವಾರ, ನೇಗಿಲು ಮುಟ್ಟುವ ಹಾಗಿಲ್ಲವಲ್ಲ, ಅದಕ್ಕೇ ಬರೆಯಲು ಕೂತೆ. ಮಿಷನ್ ಶಾಲೆಯ ನಾಲ್ಕನೇ ಕ್ಲಾಸಿನ ಅಕ್ಷರ, ತಪ್ಪಿದ್ದರೆ ನಗಬೇಡಿ.

ಸುದ್ದಿ ಏನೆಂದರೆ, ಊಟಿಯ ಪ್ರದರ್ಶನದಲ್ಲಿ ನಮ್ಮ ಆಲೂಗಡ್ಡೆಗೆ ಮೊದಲನೆಯ ಬಹುಮಾನ ಬಂತು. ನಮ್ಮ ಎಂದು ಬರೆದೆನಲ್ಲ, ಅದು ಸುಳ್ಳು. ನನ್ನ ಆಲೂಗಡ್ಡೆ. ನೀವು ಹೋಗಿ ಹದಿನಾಲ್ಕು ತಿಂಗಳಾಯಿತು. ನೀವಿದ್ದಾಗ ದೊಡ್ಡದನ್ನೆಲ್ಲ ಮಾರಿ, ಗೋಲಿಯಷ್ಟು ಉಳಿದದ್ದನ್ನು ಬಿತ್ತನೆಗೆ ಇಡುತ್ತಿದ್ದಿರಿ. ಬೇಡವೆಂದರೆ 'ನಿನಗೇನು ತಿಳೀತದೆ, ಹೋಗಿ ಕಳೆ ಕೀಳು' ಅನ್ನುತ್ತಿದ್ದಿರಿ. ನಾನು ಹಳೇ ಮುಂಡು ಹರಿದು, ಚೆನ್ನಾಗಿ ಬಂದ ಗಿಡಗಳಿಗೆ ಬಟ್ಟೆಚೂರು ಕಟ್ಟಿ ಗುರುತು ಮಾಡಿ, ಅವುಗಳ ಗಡ್ಡೆಯನ್ನೇ ಬಿತ್ತನೆಗೆ ಇಟ್ಟೆ. ಜನವರಿಯಲ್ಲಿ ಹಿಮ ಬಿದ್ದ ಹತ್ತೊಂಬತ್ತು ದಿನವೂ ಸಂಜೆ ಎಳೆಗಿಡಗಳಿಗೆ ಜರಿಸೊಪ್ಪು ಹೊದಿಸಿದೆ, ಬೆಳಗ್ಗೆ ತೆಗೆದೆ. ಬೆರಳು ಮರಗಟ್ಟಿ ರಂಗಿಗೆ ಜಡೆ ಹಾಕಲೂ ಆಗುತ್ತಿರಲಿಲ್ಲ.

ಇಪ್ಪತ್ತು ಗಡ್ಡೆ ಆರಿಸಿ ಬುಟ್ಟಿಯಲ್ಲಿ ಊಟಿಗೆ ನಾನೇ ಹೊತ್ತೆ. ಜೊತೆಗೆ ನಿಮ್ಮ ತಮ್ಮ ಮಾದನ್ ಬಂದ, ಕೈಬೀಸಿಕೊಂಡು. ಮೇಜಿನ ಹಿಂದೆ ಕೂತಿದ್ದ ಗುಮಾಸ್ತ ನನ್ನನ್ನೇ ನೋಡಿ, 'ಯಜಮಾನ ಯಾರಮ್ಮ? ಹೆಸರು ಹೇಳು' ಎಂದ. ಕಟ್ಟಿಕೊಂಡವನ ಹೆಸರನ್ನು ಬಾಯಿಬಿಟ್ಟು ಹೇಗೆ ಹೇಳಲಿ? ತಲೆ ತಗ್ಗಿಸಿದೆ. ಆಗಲೇ 'ಬೆಳೆದವಳು ನಾನು, ಚಿನ್ನಿ' ಅಂದುಬಿಡಬಹುದಿತ್ತು. ಹೊಳೆಯಲೇ ಇಲ್ಲ, ನೋಡಿ ನನ್ನ ಮಂಕುತನ! ಮಾದನ್ ಮುಂದೆ ಬಂದು ನಿಮ್ಮ ಆ ಎರಡಕ್ಷರ ಹೇಳಿದ. ಗುಮಾಸ್ತ ಬರೆದುಕೊಂಡ. ಬಹುಮಾನದ ಕಾರ್ಡಿನಲ್ಲೂ ಅದೇ ಬಂತು.

ಊರಿಗೆ ಬಂದರೆ ಗೌಡರು ಹೂಮಾಲೆ ಹಿಡಿದು ನಿಂತಿದ್ದಾರೆ. ಹಾಕಿಸಿಕೊಳ್ಳಲು ನೀವಿಲ್ಲ. ಅತ್ತೆ ಒಳಗೆ ಹೋಗಿ ಮೊಳೆಗೆ ತೂಗುಹಾಕಿದ್ದ ನಿಮ್ಮ ಕರಿ ಕೋಟು ತಂದರು. ಗೌಡರು ಆ ಕೋಟಿಗೇ ಮಾಲೆ ಹಾಕಿದರು! ಎಲ್ಲರೂ ಕೈತಟ್ಟಿದರು. ಅತ್ತೆ ಕಣ್ಣೊರೆಸಿಕೊಂಡು 'ನನ್ ಮಗ ಎಲ್ಲಿದ್ರೂ ಅವನ ಕೈಗುಣ ಈ ಮಣ್ಣಲ್ಲೇ ಅದೆ' ಎಂದರು. ಅಷ್ಟು ಹೊತ್ತೂ ಆ ಕೋಟನ್ನು ಎತ್ತಿ ಹಿಡಿದುಕೊಂಡು ನಿಂತವಳು ಯಾರು ಗೊತ್ತೇ? ನಾನು.

ಹೊಟ್ಟೆ ಉರಿದುಹೋಯಿತು. ಮುಚ್ಚಿಡುವುದೇಕೆ, ನಿಮ್ಮ ಮೇಲೇ ಹೊಟ್ಟೆಕಿಚ್ಚು. ಸವತಿಯ ಮೇಲೆ, ವಾರಗಿತ್ತಿಯ ಮೇಲೆ ಹೆಂಗಸರು ಕರುಬುವುದನ್ನು ಕೇಳಿದ್ದೇನೆ. ಗಂಡನ ಮೇಲೆ, ಅದೂ ಅವನ ಖಾಲಿ ಕೋಟಿನ ಮೇಲೆ ಕರುಬಿದವಳು ನಾನೊಬ್ಬಳೇ ಇರಬೇಕು. ನೀರಿಗೆ ಹೋದರೆ 'ನಿನ್ ಗಂಡನ ಗಡ್ಡೆ, ನಿನ್ ಗಂಡನ ಗಡ್ಡೆ' ಎನ್ನುತ್ತಾರೆ. ಕೊಡ ಕುಕ್ಕಿ ಬರುತ್ತೇನೆ. ಮೂರು ದಿನ ಕೋಟಿನ ಧೂಳು ಒದರಲಿಲ್ಲ. ನಾಲ್ಕನೆಯ ದಿನ ಮೂಸಿ ನೋಡಿದೆ, ನಿಮ್ಮ ಬೀಡಿಯ ವಾಸನೆ ಇನ್ನೂ ಇತ್ತು. ಅಳು ಬಂತು. ಹೊಟ್ಟೆಕಿಚ್ಚು ಮಾತ್ರ ಹೋಗಲಿಲ್ಲ.

ಈಗ ಇನ್ನೊಂದು. ಮುಂದಿನ ಬಿತ್ತನೆಗೆ ಮುಂಚೆ ಬೇಸಾಯದ ಇಲಾಖೆಯ ಸಾಹೇಬರು ನಮ್ಮ ಹೊಲಕ್ಕೇ ಬರುತ್ತಾರಂತೆ. ಸುತ್ತಲಿನ ಹಟ್ಟಿಗಳವರಿಗೆಲ್ಲ ಬಿತ್ತನೆ ಗಡ್ಡೆ ಆರಿಸುವುದನ್ನು ನೀವು ಹೇಳಿಕೊಡಬೇಕಂತೆ. ರಜೆ ಹಾಕಿ ಬರಲಿ ಎಂದು ಗೌಡರು ನಿಮಗೆ ಕಾಗದ ಬರೆಸಿದ್ದಾರೆ. ನಾನು ಧೈರ್ಯ ಮಾಡಿ 'ಮಾಡಿದ್ದು ನಾನು ಗೌಡ್ರೇ' ಎಂದೆ. ಅವರು ನಕ್ಕು 'ಮನೆ ಹೆಂಗ್ಸು ಮಾಡಿದ್ರೂ ಅವ್ನು ಮಾಡಿದ ಹಂಗೇ ಕಣವ್ವ' ಎಂದುಬಿಟ್ಟರು. ಅಲ್ಲ, ನೀವು ಬಂದು ಹೇಳಿಕೊಡುವುದಾದರೂ ಏನನ್ನು? ಗೋಲಿಯಷ್ಟಿರುವುದನ್ನೇ ಬಿತ್ತಿ ಎಂದೇ?

ಸಿಟ್ಟಿನಲ್ಲಿ ಬರೆದೆನೆಂದು ಊಟ ಬಿಡಬೇಡಿ. ಅತ್ತೆ ಆಶೀರ್ವಾದ ತಿಳಿಸಿದ್ದಾರೆ, ರಂಗಿ ಬಿದ್ದ ಹಲ್ಲನ್ನು ನಿಮಗೆ ತೋರಿಸಲು ಎತ್ತಿಟ್ಟಿದ್ದಾಳೆ. ನಮ್ಮ ಬೆಟ್ಟದ ಹೆತ್ತಮ್ಮ ದೇವರು ನಿಮ್ಮನ್ನು ಜ್ವರದಿಂದ ಕಾಯಲಿ. ಲಕೋಟೆಯ ಮೇಲೆ ನಿಮ್ಮ ಹೆಸರನ್ನು ಮಾದನ್ ಕೈಲಿ ಬರೆಸುತ್ತೇನೆ. ಅವನಿಗೆ ಅದು ಚೆನ್ನಾಗಿ ಬರುತ್ತದೆ.

ಇಂತಿ ನಿಮ್ಮ
ಚಿನ್ನಿ

ಹೇಳಬೇಕಾದದ್ದನ್ನೇ ಬಿಟ್ಟೆ. ಗೌಡರ ಕಾಗದ ಕಂಡು ಬರುವುದಾದರೆ ಬನ್ನಿ, ನಿಮ್ಮನ್ನು ನೋಡಲು ಕಣ್ಣು ಕಾದಿದೆ. ಆದರೆ ಸಾಹೇಬರು ಕೇಳಿದಾಗ ಎಲ್ಲರ ಎದುರಿಗೆ ನನ್ನ ಹೆಸರು ಹೇಳಬೇಕು. ನಿಮ್ಮ ಹೆಸರನ್ನು ನಾನು ಹೇಳುವ ಹಾಗಿಲ್ಲ, ಸರಿ. ನನ್ನ ಹೆಸರನ್ನು ನೀವು ಹೇಳಬಾರದೆಂದು ಯಾವ ಹಟ್ಟಿಯಲ್ಲೂ ಕಟ್ಟುಪಾಡಿಲ್ಲ. ಹಾಗೆ ಹೇಳಲು ಬಾಯಿ ಬರುವುದಿಲ್ಲವಾದರೆ ಅಲ್ಲೇ ಇರಿ. ಇಲ್ಲಿ ಕೋಟಿದೆ, ಸಾಕು.